ಕಬ್ಬಿನ ಪಾಳಿಯ ಕಂಟ್ರಿ ಸಿಂಗರ್

ನಮ್ಮ ಸೋದರಮಾವನ ಕಚೇರಿಯಿಂದ ಈವರೆಗೆ ಒಬ್ಬನೇ ಒಬ್ಬ ಶ್ರೋತೃ ಎದ್ದು ಹೋದ ಉದಾಹರಣೆಯಿಲ್ಲ! ಇಂಥ ಮಾತನ್ನು ಎಷ್ಟು ಮಂದಿ ದೊಡ್ಡ ಗಾಯಕರು ಎದೆ ತಟ್ಟಿ ಹೇಳಿಯಾರು? ಮಾವ ಹೇಳುತ್ತಾನೆ. ಅದರ ಗುಟ್ಟನ್ನು ಮಾತ್ರ ಹೇಳುವುದಿಲ್ಲ, ನಾನು ಹೇಳುತ್ತೇನೆ. ಅವನು ಹಾಡುವುದು ಹಳಿಯಾಳದ ಸಕ್ಕರೆ ಕಾರ್ಖಾನೆಯ ಹೊರಗೆ, ಕಬ್ಬು ಹೇರಿಕೊಂಡು ಸಾಲಾಗಿ ನಿಂತ ಟ್ರ್ಯಾಕ್ಟರುಗಳ ನಡುವೆ. ಎದ್ದು ಹೋದವನ ಪಾಳಿ ತಪ್ಪುತ್ತದೆ!

ಜಾನಪದ ಗಾಯಕ ಎಂದು ಕರೆದರೆ ಮಾವ ಕೆಂಡಾಮಂಡಲವಾಗುತ್ತಾನೆ. “ಜಾನಪದ ಅಲ್ಲೋ, ಕಂಟ್ರಿ ಮ್ಯೂಸಿಕ್! ಅಮೆರಿಕಾದ್ದು!” ಅಮೆರಿಕ ಅವನಿಗೆ ಸಿಕ್ಕಿದ್ದು ಗೋವಾ ಗಡಿಯ ಕ್ಯಾಸಲ್‌ರಾಕ್ ರೈಲು ನಿಲ್ದಾಣದಲ್ಲಿ. ಹರೆಯದಲ್ಲಿ ರೈಲ್ವೆ ಹಳಿಯ ಕೂಲಿಗೆ ಹೋಗಿದ್ದಾಗ, ಅಲ್ಲಿದ್ದ ಗಾರ್ಡ್ ಒಬ್ಬರು ಸಂಜೆ ಅಮೆರಿಕಾದ ಹಾಡಿನ ಕ್ಯಾಸೆಟ್ ಹಾಕಿಕೊಂಡು ಗಿಟಾರ್ ಬಾರಿಸುತ್ತಿದ್ದರಂತೆ. ಮಾವನಿಗೆ ಒಂದು ಅಕ್ಷರವೂ ತಿಳಿಯಲಿಲ್ಲ. ಆದರೂ ಕಣ್ಣಲ್ಲಿ ನೀರು ಬಂತು. ಕ್ಯಾಸೆಟ್ಟಿನವನು ಏನೆಂದು ಹಾಡುತ್ತಾನೆ ಎಂದು ಕೇಳಿದ.

“ಎಲ್ಲಾ ಒಂದೇ ಕಥೆ ಮಾರಾಯಾ,” ಎಂದರು ಗಾರ್ಡ್. “ಒಂದು ಗಾಡಿ, ಒಂದು ನಾಯಿ, ಬಿಟ್ಟು ಹೋದ ಹೆಂಡತಿ.”

ವರ್ಗವಾಗಿ ಹೋಗುವಾಗ ಆ ಪುಣ್ಯಾತ್ಮರು ಗಿಟಾರನ್ನು ಮಾವನಿಗೇ ಕೊಟ್ಟು ಹೋದರು. ಊರಿಗೆ ಬಂದ ಮಾವನ ಬಳಿ ಟ್ರ್ಯಾಕ್ಟರ್ ಇತ್ತು. ನಾಯಿ ಇತ್ತು. ಮದುವೆಯೂ ಆಯಿತು. ಆದರೆ ಅತ್ತೆ ಬಿಟ್ಟು ಹೋಗುವ ಲಕ್ಷಣವೇ ಕಾಣಲಿಲ್ಲ! ಕಲಾವಿದನಾದವನು ಎಷ್ಟು ದಿನ ಕಾದಾನು? ಹೋಗಿಯೇಬಿಟ್ಟಳೆಂದು ಹಾಡು ಕಟ್ಟಿದ:

ಬಿಟ್ಟ ಹೋದಳೋ ಗೆಳೆಯಾ, ಬಿಟ್ಟ ಹೋದಳೋ,
ಹಂಚಿನ ಮ್ಯಾಲಿನ ರೊಟ್ಟಿ ಹಂಗಽ ಬಿಟ್ಟ ಹೋದಳೋ...

“ಎಲ್ಲಿ ಹೋಗೇನ್ರೀ ನಾ?” ಅತ್ತೆ ಒಲೆಯ ಮುಂದಿನಿಂದಲೇ ಕೇಳಿದಳು. “ಆ ರೊಟ್ಟಿ ತಿಂದ ಕೈ ಇನ್ನಾ ಒಣಗಿಲ್ಲ!”

“ಹಾಡಿನ್ಯಾಗಷ್ಟ ಹೋಗೀದಿ. ನೀ ಇನ್ನೊಂದ ರೊಟ್ಟಿ ಹಾಕು.”

ಮುಂಜಾನೆ ಮಾವ ಅಭ್ಯಾಸಕ್ಕೆ ಕೂತರೆ, ಅತ್ತೆ ಲಿಂಗಪೂಜೆಯ ಗಂಟೆಯನ್ನು ಅವನ ದನಿ ಮುಳುಗುವಂತೆ ಬಾರಿಸುತ್ತಿದ್ದಳು. ಮಾವನ ಆಕ್ಷೇಪ ಒಂದೇ: “ತಾಳ ತಪ್ಪಾಕತ್ತೈತಿ ನೋಡು!”

ಪಾಳಿಯಲ್ಲಿ ಹಾಡುವುದು ಸಾಮಾನ್ಯ ವಿದ್ಯೆಯಲ್ಲ. ಪಲ್ಲವಿಯ ನಡುವೆಯೇ ಟ್ರ್ಯಾಕ್ಟರುಗಳ ಸಾಲು ಮುಂದೆ ಸರಿಯುತ್ತದೆ. ಆಗ ಗೋವಾದಿಂದ ತಂದ ಅಗಲ ಟೋಪಿ ಹಿಡಿದುಕೊಂಡು ಮಾವ ಟ್ರೇಲರಿನ ಹಿಂದೆ ಹಾಡುತ್ತಲೇ ನಡೆಯಬೇಕು. ಚಪ್ಪಾಳೆಯ ಬದಲು ಹಾರ್ನ್. ಒಮ್ಮೆ ಮುಂಡಗೋಡದ ಕಡೆಯ ಡ್ರೈವರ್ ಒಬ್ಬ ಬಿಕ್ಕಿಬಿಕ್ಕಿ ಅತ್ತು, “ಕಾಕಾ, ಹೆಣ್ಣ ದಿಕ್ಕಿಲ್ಲದ ಮನಿ ನಿಂದು, ಉಣ್ಣು,” ಎಂದು ತನ್ನ ಬುತ್ತಿಯನ್ನೇ ಮುಂದಿಟ್ಟ. ಮಾವ ಸಂಕೋಚಪಡದೆ ಉಂಡ. ಆಮೇಲೆ ಮನೆಗೆ ಬಂದು ಅತ್ತೆಯ ಅಡುಗೆಯನ್ನೂ ಉಂಡ!

ಯಾರೋ ಅದನ್ನೆಲ್ಲ ಮೊಬೈಲಿನಲ್ಲಿ ಹಿಡಿದು ತಾಲೂಕಿಗೆಲ್ಲ ಹಂಚಿದರು. ಆ ವಾರ ಸಂತೆಗೆ ಹೋದ ಅತ್ತೆಯ ಕೈ ಹಿಡಿದು ಬದನೆಕಾಯಿ ಮಾರುವಾಕೆ ಕೇಳಿದಳು: “ಯಾವಾಗ ಹೊಳ್ಳಿ ಬಂದಿಯವ್ವಾ? ಚಲೋ ಮಾಡಿದಿ. ಪಾಪ, ಭಾಳ ಸೊರಗಿದ್ದ ಅಂವ!”

ಅತ್ತೆ ಖಾಲಿ ಚೀಲ ಹಿಡಿದು ಮನೆಗೆ ಬಂದಳು. “ಮಂದ್ಯಾಗ ನನ್ನ ಮಾನ ಹರಾಜ ಹಾಕೀರಿ. ಇನ್ನೊಮ್ಮೆ ಆ ಹಾಡ ಹಾಡಿದ್ರ ಖರೇನ ಹೋಗ್ತೇನಿ!”

“ಹೋಗು,” ಎಂದ ಮಾವ. “ಹಾಡಿಗೆ ಇನ್ನಷ್ಟ ಕಳೆ ಬರ್ತೈತಿ.”

ಇಷ್ಟೆಲ್ಲ ಧೈರ್ಯದ ಮನುಷ್ಯ ಹೋದ ಹಂಗಾಮಿನಲ್ಲಿ ಇದ್ದಕ್ಕಿದ್ದಂತೆ ಹಾಡು ನಿಲ್ಲಿಸಿದ. ಅತ್ತೆಯ ಎದೆಯ ಆಪರೇಷನ್ ಆಗಲೇಬೇಕೆಂದು ಹುಬ್ಬಳ್ಳಿಯ ಡಾಕ್ಟರು ಹೇಳಿದ್ದರು. ಗಿಟಾರ್ ಅಟ್ಟ ಸೇರಿತು. ಪಾಳಿಯ ಡ್ರೈವರುಗಳು ಎಷ್ಟು ಹಾರ್ನ್ ಹೊಡೆದರೂ, “ಅದು ಅಪಶಕುನದ ಹಾಡ್ರೋ, ಕೇಳಬ್ಯಾಡ್ರಿ,” ಎಂದು ಮುಖ ತಿರುಗಿಸಿಕೊಂಡ.

ಆಪರೇಷನ್ನಿನ ಮುಂಜಾನೆ ನಾನೂ ಆಸ್ಪತ್ರೆಯಲ್ಲಿದ್ದೆ. ಅತ್ತೆ ಮಾವನನ್ನು ಹತ್ತಿರ ಕರೆದಳು.

“ಒಂದ ಹಾಡ ಹಾಡ್ರಿ.”

“ಯಾವುದು?”

“ಅದಽ. ಬಿಟ್ಟ ಹೋದಳೋ.”

“ಅದೊಂದ ಬ್ಯಾಡ.”

“ಲಗ್ನ ಆದಾಗಿನಿಂದ ಹಾಡೀರಿ. ಒಂದ ದಿನಾನರ ಹೋಗೇನೇನು?” ಅತ್ತೆ ಅವನ ಕೈ ಬಿಡಲಿಲ್ಲ. “ನೀವು ಹಾಡೂದ ಬಿಟ್ಟಾಗಿಂದ ನನಗ ಹೆದರಿಕಿ ಬರಾಕತ್ತೈತ್ರಿ.”

ಮಾವ ಹಾಡಿದ. ಟೋಪಿಯಿಲ್ಲ, ಗಿಟಾರಿಲ್ಲ, ದನಿಯೂ ಇರಲಿಲ್ಲ. ‘ಹೋದಳೋ’ ಎಂಬುದನ್ನು ಪ್ರತಿ ಸಲವೂ ಅರ್ಧಕ್ಕೇ ನುಂಗುತ್ತಿದ್ದ. ಅತ್ತೆ ಮಂಚದ ಕಬ್ಬಿಣಕ್ಕೆ ಬೆರಳು ಬಡಿಯುತ್ತ ಕಣ್ಣು ಮುಚ್ಚಿ ಕೇಳಿದಳು. ತಾಳ ಒಂದು ಸಲವೂ ತಪ್ಪಲಿಲ್ಲ. ನಾನು ಅಲ್ಲಿ ನಿಲ್ಲಲಾಗದೆ ಹೊರಗೆ ಬಂದು ಅತ್ತುಬಿಟ್ಟೆ.

ಅತ್ತೆ ಚೇತರಿಸಿಕೊಂಡು ಮೊದಲ ಸಲ ಸಂತೆಗೆ ಹೊರಟಾಗ ಚೀಲ ಹಿಡಿದು ನಾನೂ ಹೋದೆ. ಬದನೆಕಾಯಿಯವಳು ದೂರದಿಂದಲೇ ನೋಡಿ ಕೂಗಿದಳು: “ಯಾವಾಗ ಹೊಳ್ಳಿ ಬಂದಿಯವ್ವಾ?”

ನಾನು ಗಾಬರಿಯಿಂದ ಅತ್ತೆಯ ಮುಖ ನೋಡಿದೆ. ಅತ್ತೆ ಮಾತ್ರ ಸೆರಗು ಸರಿಮಾಡಿಕೊಂಡು ನಕ್ಕಳು.

“ಮೊನ್ನೆ ಬಂದೇನಿ ನೋಡವಾ. ಹಾಡಿ ಕರಕೊಂಡ ಬಂದ್ರು.”