ಎಡಗಿವಿಗೆ ಬಿತ್ತಿದ ಕನಸು

ಪುಟ್ಟಲಕ್ಷ್ಮಮ್ಮ: ಕೆಳಕ್ ಬುಡಯ್ಯ ಅದ್ನ! ಮೊಟ್ಟೆ ಇಕ್ಕೋ ಕೋಳಿ ಕಣಯ್ಯ ಅದು!

ಬೀರಯ್ಯ: ನಮ್ಮವ್ವಂಗಿಂತ ಮೊಟ್ಟೆ ದೊಡ್ದಾ? ಸತ್ತು ಆರು ವರ್ಸಕ್ಕೆ ಇವತ್ತು ಕನಸಲ್ಲಿ ಬಂದವ್ಳೆ. ಸತ್ತೋರು ಕನಸಿಗೆ ಬಂದ್ರೆ ಹಸ್ಕೊಂಡವ್ರೆ ಅಂತ್ಲೇ. ಸಂಜೆಗೆ ಎಡೆ ಇಕ್ಬೇಕು.

ಶೀಳನೆರೆ ಹತ್ತಿರದ ಹಳ್ಳಿ, ಭಾನುವಾರ ಮಧ್ಯಾಹ್ನ ಮೂರು ಗಂಟೆ. ಮುದ್ದೆ ಉಂಡು ಜಗಲಿಯ ಮೇಲೆ ಒಂದು ನಿದ್ದೆ ತೆಗೆದೆದ್ದ ಬೀರಯ್ಯ, ಹೆಂಡತಿಯ ಕೋಳಿಯನ್ನು ಕಂಕುಳಲ್ಲಿ ಅವುಚಿಕೊಂಡಿದ್ದಾನೆ. ಹೆಂಡತಿ ಬಾಗಿಲಿಗೆ ಅಡ್ಡ ನಿಂತಿದ್ದಾಳೆ. ಅವಳ ತಮ್ಮ ಕನಕರಾಜು, ಬೆಳಗಿನ ಬಸ್ಸಿಗೆ ನಾಗಮಂಗಲದಿಂದ ಬಂದವನು, ಕಂಬಕ್ಕೊರಗಿ ಕಾಲಿನ ಉಗುರು ನೋಡಿಕೊಳ್ಳುತ್ತಿದ್ದಾನೆ. ಅಂಗಳದಲ್ಲಿ ರಾಜ ಎಂಬ ಟಗರು ಪುಟ್ಟಲಕ್ಷ್ಮಮ್ಮನ ಕನಕಾಂಬರದ ಗಿಡವನ್ನು ನಿಧಾನವಾಗಿ ಮೇಯುತ್ತಿದೆ. ಆ ಮನೆಯಲ್ಲಿ ಯಾವ ಆತುರವೂ ಇಲ್ಲದ ಜೀವ ಅದೊಂದೇ.

ಪುಟ್ಟಲಕ್ಷ್ಮಮ್ಮ: ನಿಮ್ಮವ್ವ ಬಾಯ್ಬುಟ್ಟು ಕೋಳಿ ಕೇಳುದ್ಲಾ?

ಬೀರಯ್ಯ: ಇಲ್ಲ. ‘ಟಗರ ಮಾರ್ಬುಡು ಮಗಾ’ ಅಂದ್ಲು. ಮೂರು ಸಲ ಅಂದ್ಲು.

ಪುಟ್ಟಲಕ್ಷ್ಮಮ್ಮ: ಮತ್ತೆ? ಮಾರ್ಬುಡು!

ಬೀರಯ್ಯ: ನಿಂಗೆ ಅರ್ಥ ಆಗಾಕಿಲ್ಲ ಸುಮ್ನಿರಮ್ಮಿ. ಟಗರು ಅಂದ್ರೆ ಬಾಡು. ಬಾಡು ಅಂದ್ರೆ ಅವ್ವಂಗೆ ಹಸಿವು. ರಾಜನ್ನ ಕುಯ್ಯಕ್ಕಾಯ್ತದಾ? ಅದ್ಕೇ ಕೋಳಿ.

ಪುಟ್ಟಲಕ್ಷ್ಮಮ್ಮ: ಮಾರು ಅಂದ್ರೆ ಮಾರು ಅಂತ್ಲೇ ಅರ್ಥ! ಬಾಡಿನ ಸುದ್ದೀನೇ ಎತ್ತಿಲ್ಲ ನಾನು!

ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡಳು.

ಬೀರಯ್ಯ: ನಾನು? ಯಾವ ನಾನು? ಕನಸು ನಂದು, ಅವ್ವ ನನ್ನವ್ವ. ನೀನ್ಯಾವಾಗ ಒಳಿಕ್ಕೆ ಬಂದೆ?

ಕನಕರಾಜು: ಅಕ್ಕೋ, ಒಲೆ ಮೇಲೆ ಏನೋ ಸೀಯ್ತಾ ಅದೆ ಅನ್ಸುತ್ತೆ.

ಪುಟ್ಟಲಕ್ಷ್ಮಮ್ಮ: ಒಲೇನೇ ಹಚ್ಚಿಲ್ಲ ಕಣ್ಲಾ! ಊಂ, ನಾನೇ ಮಾತಾಡಿದ್ದು. ಏನೀಗ? ಈ ಕನಕನೇ ಕಲ್ಸಿದ್ದು. ಕೆಆರ್‌ಎಸ್‌ನಾಗೆ ಹೋಟೆಲ್ ಮಹಡೀಲಿ ಮೂರು ಭಾನುವಾರ ಟ್ರೈನಿಂಗ್ ತಕ್ಕಂಡವ್ನೆ. ‘ಕನಸು ಬಿತ್ತನೆ’ ಅಂತೆ. ಉಂಡು ಮನಿಕ್ಕಂಡೋರ ಕಣ್ಣುಗುಡ್ಡೆ ರೆಪ್ಪೆ ಒಳ್ಗೇ ಓಡಾಡೋ ಹೊತ್ಗೆ, ಅವ್ರು ನಂಬೋರ ದನೀಲಿ ಎಡಗಿವಿಗೆ ಮೂರು ಸಲ ಯೋಳ್ಬೇಕಂತೆ. ಎದ್ಮೇಲೆ ಅಂಗೇ ಮಾಡ್ತಾರಂತೆ.

ಬೀರಯ್ಯ: ನಮ್ಮವ್ವನ ದನಿ ಕದ್ಯಾ? ಅವ್ಳು ಇದ್ದಾಗ ಒಂದಿನ ಅವ್ಳ ಮಾತ್ಗೆ ‘ಊಂ’ ಅನ್ನದೋಳು!

ಪುಟ್ಟಲಕ್ಷ್ಮಮ್ಮ: ಇನ್ನೇನ್ ಮಾಡ್ಲಿ? ನನ್ ದನೀಲಿ ಯೋಳುದ್ರೆ ನಿನ್ನ ಕಿವಿಗೆ ಬೀಳ್ತದಾ? ಶುಕ್ರವಾರ ರಂಗೋಲಿ ಬುಡ್ತಾ ಬಗ್ಗಿದ್ರೆ ಇಂದ್ಲಿಂದ ಗುದ್ತು ನಿನ್ ರಾಜ. ಸ್ವಂಟ ಇನ್ನೂ ಹಿಡ್ಕಂಡದೆ. ನೀನೇನ್ ಕೇಳ್ದೆ? ‘ಕೊಂಬಿಗೇನೂ ಆಗ್ಲಿಲ್ವಲ್ಲ’ ಅಂದೆ!

ಬೀರಯ್ಯ: ಅದು ಆಟಕ್ಕೆ ಗುದ್ದಿದ್ದು ಕಣಮ್ಮಿ.

ಪುಟ್ಟಲಕ್ಷ್ಮಮ್ಮ: ಅದ್ರ ತಲೆ ಮೂರೊತ್ತೂ ಸವರ್ತೀಯ. ಇಪ್ಪತ್ತೆಂಟು ವರ್ಸದಾಗೆ ನನ್ ತಲೆ ಒಂದಿನ ಸವರಿದ್ದೀಯಾ? ನಂಗೆ ಹೊಟ್ಟೆ ಉರಿತದೆ ಕಣಯ್ಯ. ಒಂದು ಟಗರು ಕಂಡ್ರೆ ಹೊಟ್ಟೆಕಿಚ್ಚು ಪಡೋ ಹಣೆಬರ ನನ್ನದು!

ಬೀರಯ್ಯ ಕೋಳಿಯನ್ನು ಒಂದು ಕಂಕುಳಿನಿಂದ ಇನ್ನೊಂದಕ್ಕೆ ಬದಲಾಯಿಸಿದ. ತೋಚಿದ್ದನ್ನು ಹೇಳಿಬಿಟ್ಟ.

ಬೀರಯ್ಯ: ನೀನು ರಾಜಂಗೆ ಸರ್ಯಾಗಿ ಮೇವು ಹಾಕಾಕಿಲ್ಲ ಅಂತ್ಲೇ ನಾನೂ ನಿನ್ ಕಿವೀಲಿ ಯೋಳ್ದೆ, ಹೋದ್ ಭಾನುವಾರ. ನೀ ಕೇಳ್ಳಿಲ್ಲ.

ಪುಟ್ಟಲಕ್ಷ್ಮಮ್ಮ: ಏನಂದೆ?

ಬೀರಯ್ಯ: ನಿಮ್ಮವ್ವನ ದನೀಲಿ. ‘ರಾಜಂಗೆ ಉಳ್ಳಿಕಾಳು ಹಾಕು ಮಗ್ಳೇ’ ಅಂತ.

ಪುಟ್ಟಲಕ್ಷ್ಮಮ್ಮ: ಅಯ್ಯೋ ನಿನ್ ಮನೆ ಕಾಯೋಗ! ಉಳ್ಳಿಕಾಳು ಉಳ್ಳಿಕಾಳು ಅಂತ ಸತ್ತೋಗಿರೋ ಅವ್ವ ಕನಸಲ್ಲಿ ಒಂದೇ ಸಮ ಅಂತಿದ್ಲು. ಪಾಪ, ಹಸಿದವ್ಳೆ ಅಂತ ರಾಜನ ಡಬ್ಬೀಲಿದ್ದ ಉಳ್ಳಿಕಾಳು ಪೂರಾ ಬೇಯ್ಸಿ ಬಸ್ಸಾರು ಮಾಡಿ ಎಡೆ ಇಕ್ಬುಟ್ನಲ್ಲ!

ಬೀರಯ್ಯ: ಅಂಗಾರೆ ರಾಜ ಎರಡು ದಿನ ಉಪಾಸ ಬಿದ್ದಿದ್ದು ಅದ್ಕೇಯಾ?

ಪುಟ್ಟಲಕ್ಷ್ಮಮ್ಮ: ನಿಂಗಿದ್ನ ಕಲ್ಸಿದ್ಯಾರು?

ಬೀರಯ್ಯ: ಇನ್ಯಾರು? ನಿನ್ ತಮ್ಮ. ಹಬ್ಬಕ್ಕೆ ಬಂದಾಗ.

ಪುಟ್ಟಲಕ್ಷ್ಮಮ್ಮ: ಹೋದ್ ವಾರ ಆ ಎಡೆ ಉಂಡೋನು ಯಾರು?

ಬೀರಯ್ಯ: ಅವ್ನೇ. ಮೂರು ಮುದ್ದೆ.

ಪುಟ್ಟಲಕ್ಷ್ಮಮ್ಮ: ಇವತ್ತು ಕೋಳಿ ಸಾರಿಗೆ ಕಾಯ್ತಾ ಕೂತಿರೋನು?

ಇಬ್ಬರೂ ಒಟ್ಟಿಗೆ ತಿರುಗಿದರು. ಕನಕರಾಜು ಅಷ್ಟರಲ್ಲಿ ಜಗಲಿಯ ಮೇಲೆ ಉದ್ದಕ್ಕೆ ಮಲಗಿ, ಟವೆಲನ್ನು ತಲೆಯಡಿಗಿಟ್ಟುಕೊಂಡು ಗೊರಕೆ ಶುರು ಮಾಡಿದ್ದ. ಮುಚ್ಚಿದ ರೆಪ್ಪೆಯೊಳಗೆ ಗುಡ್ಡೆಗಳು ಆ ಕಡೆ ಈ ಕಡೆ ಓಡಾಡುತ್ತಿದ್ದವು. ಗಂಡ ಹೆಂಡತಿ ಮುಖ ಮುಖ ನೋಡಿಕೊಂಡರು. ಇಬ್ಬರ ತಲೆಗೂ ಒಂದೇ ಯೋಚನೆ ಬಂದದ್ದು ಬಹಳ ದಿನಗಳ ಮೇಲೆ. ಅವಳು ಎಡಗಿವಿ ಹಿಡಿದಳು. ಅವನಿಗೆ ಬಲಗಿವಿ ಉಳಿಯಿತು.

ಪುಟ್ಟಲಕ್ಷ್ಮಮ್ಮ (ತನ್ನವ್ವನ ದನಿಯಲ್ಲಿ): ಮಗಾ ಕನಕಾ, ಸಂಜೆ ಬಸ್ಸಿಗೆ ಓಗ್ತಾ ಈ ಟಗರ ಹಿಡ್ಕಂಡೋಗು.

ಬೀರಯ್ಯ (ಇನ್ನೂ ಸಣ್ಣ ದನಿಯಲ್ಲಿ): ಟಗರು ಬ್ಯಾಡ ಮಗಾ, ನಿಮ್ಮಕ್ಕನ್ನ ಕರ್ಕಂಡೋಗು.

ಪುಟ್ಟಲಕ್ಷ್ಮಮ್ಮ: ಟಗರು!

ಬೀರಯ್ಯ: ಅಕ್ಕ!

ಕನಕರಾಜು (ಕಣ್ಣು ಮುಚ್ಚಿಕೊಂಡೇ): ಬಾವ, ಟಗರಾದ್ರೆ ಈಗ್ಲೇ ಹಿಡ್ಕಂಡೋಯ್ತೀನಿ. ಅಕ್ಕ ಮಾತ್ರ ಬ್ಯಾಡ.

ಪುಟ್ಟಲಕ್ಷ್ಮಮ್ಮ ಸೊಂಟದ ನೋವು ಮರೆತು ಎದ್ದು ನಿಂತಳು.

ಪುಟ್ಟಲಕ್ಷ್ಮಮ್ಮ: ಒಡಹುಟ್ಟಿದೋಳು ಬ್ಯಾಡ್ವಾ? ನನ್ ಕೈಯಡಿಗೆ ಮಾತ್ರ ಬೇಕಾ? ಎದ್ದೇಳ್ಲಾ ಮೇಲಕ್ಕೆ! ಅಯ್ಯಾ, ರಾಜನ್ನ ಹಿತ್ಲಲ್ಲಿ ಕಟ್ಟು, ನನ್ ಗಿಡಕ್ಕೆ ಬಾಯಿ ನಿಲುಕ್ದಂಗೆ. ಇಲ್ಲೇ ಇರ್ಲಿ ಅದು. ಇಂದ್ಲಿಂದ ಗುದ್ದುದ್ರೂ ಎದ್ರಿಗೆ ನಿಂತ್ರೆ ನಾಚ್ಕೆ ಪಡ್ತದೆ, ಇವ್ನಂಗಲ್ಲ.

ಕನಕರಾಜು: ಅಕ್ಕ, ಕೋಳಿ...

ಪುಟ್ಟಲಕ್ಷ್ಮಮ್ಮ: ಕೋಳಿ ಮೊಟ್ಟೆ ಇಕ್ತದೆ!

ಬೀರಯ್ಯ ಕೋಳಿಯನ್ನು ಕೆಳಗೆ ಬಿಟ್ಟ. ಅದು ಮೈ ಕೊಡವಿಕೊಂಡು ರಾಜನ ಕಾಲಡಿಗೆ ಓಡಿತು. ಆದರೂ ಅವನ ಮುಖದಿಂದ ಅಳುಕು ಹೋಗಿರಲಿಲ್ಲ.

ಬೀರಯ್ಯ: ಅಂಗಾರೆ ಅವ್ವನ ಎಡೆ?

ಪುಟ್ಟಲಕ್ಷ್ಮಮ್ಮ: ನಿಮ್ಮವ್ವನ ದನೀಲಿ ಮಾತಾಡಿದ್ದು ನಾನು. ಬೆಳಗಿಂದ ಇಬ್ರಿಗೂ ಇಕ್ಕಿ ಇಕ್ಕಿ ಹಸ್ಕಂಡಿರೋಳೂ ನಾನೇ. ನಂಗಿಕ್ಕು ಎಡೆ!

ಅವಳು ಜಗಲಿಯ ಮೇಲೆ ಕಾಲು ಚಾಚಿ ಕೂತುಬಿಟ್ಟಳು. ಬೀರಯ್ಯ ಮದುವೆಯಾದಾಗಿನಿಂದ ಮೊದಲ ಸಲ ಅವಳ ತಲೆಯನ್ನು, ಟಗರಿನ ತಲೆ ಸವರುವ ಹಾಗೆಯೇ, ಎರಡು ಸಲ ಸವರಿ ಅಡುಗೆಮನೆಗೆ ಹೋದ. ಒಳಗೆ ಪಾತ್ರೆಗಳು ದಡಬಡ ಉರುಳಿದವು.

ಬೀರಯ್ಯ (ಒಳಗಿನಿಂದ): ಅಮ್ಮೀ, ರಾಗಿ ಹಿಟ್ಟಿನ ಡಬ್ಬ ಎಲ್ಲದೆ?

ಪುಟ್ಟಲಕ್ಷ್ಮಮ್ಮ: ಅಲ್ಲೇ ಒಂದ್ ಗಳಿಗೆ ಮನಿಕ್ಕೋ. ನಿಮ್ಮವ್ವ ಬಂದು ಯೋಳ್ತಾಳೆ!