ಅಡ್ಡಕಂಬಿಯ ಮೇಲೆ ಶ್ಯಾವಿಗೆ

ಕಾಲೇಜಿನ ದಿನಗಳ ಬಗ್ಗೆ ಒಂದಿಷ್ಟು ಸುಳ್ಳು ಹೇಳುವುದು ಐವತ್ತರ ಹತ್ತಿರ ಬಂದವರ ಹಕ್ಕು ಎಂದು ನಾನು ನಂಬಿದ್ದೇನೆ. ಸಾಕ್ಷಿಗಳು ಊರು ಬಿಟ್ಟಿರುತ್ತಾರೆ, ಇಲ್ಲವೇ ತಮ್ಮ ಸುಳ್ಳುಗಳಲ್ಲಿ ಮುಳುಗಿರುತ್ತಾರೆ. ಆ ಧೈರ್ಯದಲ್ಲೇ, ಯಾದಗಿರಿಯ ಮೈದಾನದಲ್ಲಿ ಅಡ್ಡಕಂಬಿಗೆ ಜೋತುಬಿದ್ದು ಗದ್ದ ಕಂಬಿ ದಾಟುವವರೆಗೆ ಮೈ ಎಳೆದುಕೊಳ್ಳುತ್ತಿದ್ದ ಹುಡುಗರನ್ನು ನೋಡಿ, "ಈ ಪುಲ್‌ಅಪ್ ಏನ್ ಮಹಾ, ನಾ ಒಂದೇ ದಮ್ಮಿಗೆ ಇಪ್ಪತ್ತು ಹೊಡಿತಿದ್ದೆ" ಎಂದುಬಿಟ್ಟೆ. ಪಕ್ಕದಲ್ಲಿ ನಮ್ಮ ಆಫೀಸಿನ ಖಾಜಾಸಾಬ ಇದ್ದದ್ದು ನನ್ನ ಗ್ರಹಚಾರ.

"ಇಪ್ಪತ್ತು ಬ್ಯಾಡ್ರಿ ಸರ, ಒಂದು ಮಾಡಿ ತೋರಸ್ರಿ, ಸಾಕು" ಎಂದ. ಒಂದು ತಿಂಗಳ ಮುದ್ದತು ಕೇಳಿಕೊಂಡೆ. ಮರುದಿನ ಇಡೀ ಆಫೀಸಿಗೆ ಸುದ್ದಿ. ಇಷ್ಟು ವರ್ಷ ಜೋಪಾನ ಮಾಡಿದ್ದ ಮರ್ಯಾದೆ ಒಂದು ಪುಲ್‌ಅಪ್ಪಿಗೆ ಜೋತುಬಿತ್ತು.

ಅಂಗಳದಲ್ಲಿ ಎರಡು ಕಂಬ ನೆಟ್ಟು ಕಂಬಿ ಹಾಕಿಸಿದೆ. ಮೊದಲ ದಿನ ಜೋತುಬಿದ್ದವನು ಒಂದಂಗುಲವೂ ಮೇಲೇರಲಿಲ್ಲ. ಎರಡನೆಯ ದಿನ ನೋಡಿದರೆ ಕಂಬಿಯ ತುಂಬ ಹಸಿ ಶ್ಯಾವಿಗೆ! "ಬಿಸಲು ಛಲೋ ಅದರಿ, ಒಣಗಲಿ. ಬಿದಿರಿನ ಕೋಲು ಮುರದಾವ" ಎಂದಳು ಹೆಂಡತಿ ಶಿವಲೀಲಾ. ನಾನು ಓಣಿಗೆ ಕೇಳುವಂತೆ ಕೂಗಾಡಿದೆ. ಒಳಗೊಳಗೆ ಪರಮಾನಂದ. ಶ್ಯಾವಿಗೆ ಮುಗಿದಾಗ ಕೌದಿ, ಕೌದಿ ಒಣಗಿದಾಗ ಮತ್ತೆ ಶ್ಯಾವಿಗೆ. ದಿನಾ ಬೆಳಿಗ್ಗೆ ಕೂಗಾಡಿ, ಎರಡು ತಟ್ಟೆ ಮಂಡಕ್ಕಿ ಸೂಸಲ ತಿಂದು ಆಫೀಸಿಗೆ ಹೋಗುತ್ತಿದ್ದೆ.

ಮುದ್ದತು ಮುಗಿಯುವ ಭಾನುವಾರ ಖಾಜಾಸಾಬ ನಾಲ್ವರನ್ನು ಕಟ್ಟಿಕೊಂಡು ಬಂದ. ನನ್ನ ಉತ್ತರ ಸಿದ್ಧವಿತ್ತು: ಕಂಬಿಯ ಮೇಲೆ ಜಾಗವಿಲ್ಲ, ಏನು ಮಾಡಲಿ! ಅಂಗಳಕ್ಕೆ ಬಂದರೆ ಕಂಬಿ ಬೋಳಾಗಿ ಹೊಳೆಯುತ್ತಿತ್ತು.

"ನಿಮ್ಮ ಮಂದಿ ಬರ್ತಾರಂತ ಕಂಬಿ ಮ್ಯಾಲಿನ ಶ್ಯಾವಿಗಿ ಎಲ್ಲಾ ತಗದು, ಒರಸಿ ಇಟ್ಟೀನ್ರಿ" ಎಂದಳು ಶಿವಲೀಲಾ, ಹೆಮ್ಮೆಯಿಂದ.

ಬೇರೆ ದಾರಿಯಿಲ್ಲದೆ ಜೋತುಬಿದ್ದೆ. ಖಾಜಾಸಾಬ "ಒಂ..." ಎಂದು ಎಣಿಕೆ ಶುರುಮಾಡಿದವನು ಅಲ್ಲಿಯೇ ನಿಂತ. ಅಂಗಿ ಮೇಲೇರಿತು, ನಾನು ಏರಲಿಲ್ಲ. ಕೈ ಜಾರಿ ನೆಲಕ್ಕೆ ಕುಕ್ಕರಿಸಿದೆ. ಯಾರೂ ನಗಲಿಲ್ಲ. ನಕ್ಕಿದ್ದರೆ ವಾಸಿಯಿತ್ತು, ನಿಜಕ್ಕೂ ನಾಚಿಕೆಯಾಯಿತು.

ಅಷ್ಟರಲ್ಲಿ ಶಿವಲೀಲಾ ಎಲ್ಲರಿಗೂ ಬಟ್ಟಲಲ್ಲಿ ಹಾಲು, ಬೆಲ್ಲ ಹಾಕಿದ ಶ್ಯಾವಿಗೆ ತಂದಳು. ಖಾಜಾಸಾಬ ಬಟ್ಟಲು ನೋಡಿದ, ಕಂಬಿ ನೋಡಿದ. "ಸರ, ನಿಮ್ಮ ಬಾಯಿ ಕಂಬಿ ತನಕ ಹೋಗ್ಲಿಲ್ಲ. ಕಂಬಿ ಮ್ಯಾಲಿಂದೇ ಬಾಯಿ ತನಕ ಬಂತು ನೋಡ್ರಿ!"

ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನೂ ನಕ್ಕೆ.

"ಇನ್ನೊಂದೀಟು ಹಾಕ್ಲೇನ್ರಿ?" ಎಂದಳು ಶಿವಲೀಲಾ. ಬಟ್ಟಲು ಮುಂದೆ ಹಿಡಿದೆ. ಖಾಜಾಸಾಬ ಗಟ್ಟಿಯಾಗಿ "ಎರಡು!" ಎಂದ. ಆ ದಿನ ನನ್ನ ಎಣಿಕೆ ಒಂದನ್ನು ದಾಟಿದ್ದು ಅಲ್ಲಿ ಮಾತ್ರ.