ನೀರುಳ್ಳಿ ಉಂಟಲ್ಲ

ವಡೋದರಾದ ಗೋರ್ವಾದಲ್ಲಿ ದಾಮೋದರ ಶೆಟ್ಟರ ಉಡುಪಿ ಹೋಟೆಲು. ಅದರ ಗ್ರೈಂಡರ್ ಮುಟ್ಟಿದರೆ ಕೈ ಜುಂ ಎನ್ನುತ್ತಿತ್ತು. ದಿನಾ ಅಲ್ಲೇ ತಿಂಡಿ ತಿನ್ನುವ ಹೃಷಿಕೇಶ ರಿಪೇರಿ ಮಾಡಿಸಿ ಎಂದು ಹೇಳಿ ಹೇಳಿ ಸೋತಿದ್ದ. ಧಾರವಾಡದವನು, ಕೆಮಿಕಲ್ ಕಾರ್ಖಾನೆಯ ಸುರಕ್ಷತಾ ಅಧಿಕಾರಿ. ಸಿಟ್ಟು ಮೂಗಿನ ತುದಿಯಲ್ಲೇ.

"ರಬ್ಬರ್ ಚಪ್ಪಲಿ ಹಾಕಿ ರುಬ್ಬಿದ್ರೆ ಏನೂ ಆಗುದಿಲ್ಲ ಮಾರಾಯ್ರೆ," ಎನ್ನುತ್ತಿದ್ದರು ಶೆಟ್ಟರು.

ಇವತ್ತು ಅಡುಗೆಯ ಶ್ರೀಪಾದನ ಚಪ್ಪಲಿ ಕಿತ್ತುಹೋಗಿತ್ತು. ಬರಿಗಾಲಲ್ಲಿ ಹಿಟ್ಟಿಗೆ ಕೈ ಹಾಕಿದವನು ಧೊಪ್ಪನೆ ಬಿದ್ದ. ಹೃಷಿಕೇಶ ದೋಸೆ ಬಿಟ್ಟು ಓಡಿ ಮೇನ್ ಸ್ವಿಚ್ ಆರಿಸಿದ. ನಾಡಿ ಇತ್ತು, ಉಸಿರಿರಲಿಲ್ಲ.

"ನೂರೆಂಟಕ್ಕ ಫೋನ್ ಮಾಡ್ರಿ," ಎಂದು ಅರಚಿ, ಕಾರ್ಖಾನೆಯಲ್ಲಿ ತರಬೇತಿ ಕೊಡಲು ತಂದಿದ್ದ ಆಂಬು ಬ್ಯಾಗನ್ನು ಚೀಲದಿಂದ ಎಳೆದ. ಅದರ ಮಾಸ್ಕನ್ನು ಶ್ರೀಪಾದನ ಮೂಗು ಬಾಯಿಗೆ ಒತ್ತಿ, ರಬ್ಬರ್ ಬ್ಯಾಗನ್ನು ಹಿಂಡಿ ಹಿಂಡಿ ಗಾಳಿ ತುಂಬತೊಡಗಿದ. ಎದೆ ಏರಿ ಇಳಿಯಿತು.

ಶೆಟ್ಟರ ಹೆಂಡತಿ ಗಿರಿಜಕ್ಕ ಅವನ ಕೈ ಹಿಡಿದು ಜಗ್ಗಿದಳು. "ಉಸಿರಿಲ್ಲದವನ ಬಾಯಿ ಮುಚ್ಚುದಾ? ತೆಗೀರಿ ಅದನ್ನ."

"ಕೈ ಬಿಡ್ರಿ ಅಕ್ಕಾರ. ಇದನ್ನ ತೆಗೆದರ ಅವ ಸಾಯ್ತಾನ."

ಶೆಟ್ಟರು ಬೀಗದ ಕೈ ಗೊಂಚಲನ್ನು ಶ್ರೀಪಾದನ ಮುಷ್ಟಿಗೆ ತುರುಕಿದರು. ಗಿರಾಕಿಯೊಬ್ಬ ತನ್ನ ಬೂಟು ಮೂಸಿಸಲು ಬಂದ. ಸಲಹೆ ಕೊಡುವವರ ಉಸಿರಿಗೆ ಮಾತ್ರ ಬರವಿರಲಿಲ್ಲ. ಹೃಷಿಕೇಶ ಎಲ್ಲರನ್ನೂ ಬೈಯುತ್ತ, ಬೆವರು ಸುರಿಸುತ್ತ ಹಿಂಡುತ್ತಲೇ ಇದ್ದ. ಅಷ್ಟರಲ್ಲಿ ಗಿರಿಜಕ್ಕ ಜಜ್ಜಿದ ನೀರುಳ್ಳಿಯನ್ನು ಮಾಸ್ಕಿನ ಪಕ್ಕ ಹಿಡಿದಳು. ಅದೇ ಹೊತ್ತಿಗೆ ಶ್ರೀಪಾದ ಕೆಮ್ಮಿ ಉಸಿರೆಳೆದುಕೊಂಡ.

ಆಂಬುಲೆನ್ಸ್ ಬಂತು. ಸ್ಟ್ರೆಚರ್ ಮೇಲೆ ಕಣ್ಣು ಬಿಟ್ಟ ಶ್ರೀಪಾದ, "ಇವ್ರು ನನ್ನ ಬಾಯಿ ಒತ್ತಿ ಹಿಡಿದಿದ್ರು. ಅಕ್ಕನ ನೀರುಳ್ಳಿಯಿಂದ ಬದುಕಿದೆ," ಎಂದ. ಎಲ್ಲರೂ ಹೃಷಿಕೇಶನನ್ನು ಕೊಲೆಗಡುಕನನ್ನು ನೋಡುವಂತೆ ನೋಡಿದರು. ಅವನ ಮೈ ಉರಿದುಹೋಯಿತು.

ಸಂಜೆ ಮತ್ತೆ ಬಂದಾಗ ಗ್ರೈಂಡರ್ ಗುರುಗುಟ್ಟುತ್ತಿತ್ತು. ಕೈ ತೊಳೆಯುತ್ತಿದ್ದವನು ಹಾಗೇ ಅಡುಗೆಮನೆಗೆ ನುಗ್ಗಿದ. ಗಿರಿಜಕ್ಕ ಬಾಗಿಲಲ್ಲೇ ತಡೆದು, ಮಡಿಯೆಂದು ಬೂಟು ಕಾಲುಚೀಲ ಎರಡೂ ಬಿಚ್ಚಿಸಿದಳು.

"ರಿಪೇರಿ ಮಾಡಿಸಿದ್ರೇನು?"

ಶೆಟ್ಟರು ಗೋಡೆ ತೋರಿಸಿದರು. ಹೊಸ ಮೊಳೆಗೆ ನೀರುಳ್ಳಿಯ ಗೊಂಚಲು ತೂಗುತ್ತಿತ್ತು. "ರಿಪೇರಿ ಎಂತಕ್ಕೆ? ನೀರುಳ್ಳಿ ಉಂಟಲ್ಲ. ನೀವು ಆ ರಬ್ಬರ್ ಬ್ಯಾಗ್ ಮಾತ್ರ ಇಲ್ಲಿಗೆ ತರಬೇಡಿ, ಗಿರಾಕಿಗಳು ಹೆದರ್ತಾರೆ."

"ನಿಮ್ಮ ಗ್ರೈಂಡರಿಗೆ ಬೆಂಕಿ ಹಚ್ಚಲಿ," ಎಂದು ಹೃಷಿಕೇಶ ಸಿಟ್ಟಿನ ಭರದಲ್ಲಿ ಒದ್ದೆ ಕೈಯನ್ನು ಅದರ ಮೇಲೆಯೇ ಬಡಿದ.

ಆಂಬು ಬ್ಯಾಗ್ ಹೊರಗೆ ಸ್ಕೂಟರಿನಲ್ಲಿತ್ತು. ಅದನ್ನು ಹಿಂಡಲು ಬರುವವನು ಆ ಹೋಟೆಲಿನಲ್ಲಿ ಅವನೊಬ್ಬನೇ. ಕಣ್ಣು ಕತ್ತಲಿಡುವ ಮುನ್ನ ಅವನಿಗೆ ಕಂಡದ್ದು, ಮೊಳೆಯಿಂದ ನೀರುಳ್ಳಿ ಕಿತ್ತುಕೊಂಡು ಓಡಿಬರುತ್ತಿದ್ದ ಗಿರಿಜಕ್ಕ.